ಹನ್ನೆರಡು ಮೈಕ್ರಾನ್ ಕಮ್ಮಿ

ಹೋದ ತಿಂಗಳು ಪೀಣ್ಯ ಎರಡನೇ ಹಂತದ ಒಂದು ಶೆಡ್ಡಿನ ಮುಂದೆ ಆಟೋ ಇಳಿದೆ. ನಾನೀಗ ಕೆಲಸ ಮಾಡುವ ಕಂಪನಿಗೆ ಬಿಡಿಭಾಗ ಮಾಡಿಕೊಡುವವರ ಜಾಗ ಅದು. ಅವರ ಕೆಲಸ ಸರಿಯಾಗಿದೆಯೇ ಎಂದು ನೋಡಿ ಬರುವುದು ನನ್ನ ಹೊಟ್ಟೆಪಾಡು. ಒಳಗೆ ಕಾಲಿಟ್ಟ ಕೂಡಲೇ ಹಳಸಿದ ಕೂಲಂಟ್ ವಾಸನೆ ಮೂಗಿಗೆ ಹೊಡೆಯಿತು. ಗ್ರೈಂಡಿಂಗ್ ಚಕ್ರ ಬಿಸಿಯಾಗದಿರಲಿ ಎಂದು ಸುರಿಯುವ ಬೆಳ್ಳಗಿನ ಎಣ್ಣೆನೀರು ಅದು; ಎರಡು ದಿನ ಯಂತ್ರ ನಿಂತರೆ ಸಾಕು, ಕೊಳೆತ ಮೊಟ್ಟೆಯ ಹಾಗೆ ನಾರುತ್ತದೆ. ನನ್ನ ಜೊತೆ ಬಂದಿದ್ದ ಇಂಜಿನಿಯರು ಕರ್ಚೀಫು ತೆಗೆದರು. ನಾನು ಅಲ್ಲೇ ನಿಂತುಬಿಟ್ಟೆ.

"ಏನ್ ಮೇಡಂ, ತಲೆ ಸುತ್ತುತ್ತಾ?"

"ಇಲ್ಲ ಕಣ್ರೀ. ಚೆನ್ನಾಗಿದೆ."

ಅವರು ನನ್ನನ್ನು ಒಂಥರಾ ನೋಡಿದರು. ನೋಡಲಿ ಬಿಡಿ. ಆ ಗಬ್ಬು ನಾತದಲ್ಲಿ ನನಗೆ ರುದ್ರಪ್ಪ ಕಾಕಾ ಇದ್ದಾರೆ, ಅದನ್ನು ಅವರಿಗೆ ಹೇಗೆ ಹೇಳಲಿ?

ತುಮಕೂರು ರಸ್ತೆಯಲ್ಲಿ ಫ್ಲೈಓವರಿನ ಕಂಬಗಳು ಏಳುತ್ತಿದ್ದ ವರ್ಷ ಅದು. ಜಾಲಹಳ್ಳಿ ಕ್ರಾಸಿನಿಂದ ಆಚೆಗೆ ಬಸ್ಸು ತೆವಳುತ್ತಿತ್ತು, ಇಳಿಯುವಷ್ಟರಲ್ಲಿ ರೆಪ್ಪೆಯ ಮೇಲೆಲ್ಲ ಧೂಳು. ಕುಣಿಗಲ್ಲಿನಿಂದ ಮೆಕ್ಯಾನಿಕಲ್ ಡಿಪ್ಲೊಮಾ ಮುಗಿಸಿ ಬಂದ ನಾನು ದಾಸರಹಳ್ಳಿಯ ಪಿ.ಜಿ.ಯಲ್ಲಿದ್ದೆ. ಸೇರಿದ್ದು ಒಂದು ಸಣ್ಣ ಟೂಲ್ ರೂಮಿಗೆ. ತಗಡು ಕತ್ತರಿಸುವ, ಬಗ್ಗಿಸುವ ಅಚ್ಚುಗಳನ್ನು ತಯಾರಿಸುವ ಜಾಗ. ಹದಿನಾಲ್ಕು ಜನ ಗಂಡಸರು, ನಾನೊಬ್ಬಳೇ ಹೆಂಗಸು. ಪಾಯಿಖಾನೆಗೆ ಪಕ್ಕದ ಗಾರ್ಮೆಂಟ್ಸಿಗೆ ಹೋಗಬೇಕಿತ್ತು, ಅಲ್ಲಿನ ಸೆಕ್ಯುರಿಟಿ ದಿನಾ ನನ್ನ ಹೆಸರು ಬರೆಸಿಕೊಳ್ಳುತ್ತಿದ್ದ. ನನ್ನ ಕೆಲಸ ಇನ್ಸ್‌ಪೆಕ್ಷನ್: ಇವರೆಲ್ಲ ಮಾಡಿಕೊಟ್ಟದ್ದನ್ನು ಅಳೆದು ಸರಿ, ತಪ್ಪು ಅಂತ ಬರೆಯುವುದು. ಇಪ್ಪತ್ತೆರಡು ವರ್ಷದ ಹುಡುಗಿಯ ಕೈಯಲ್ಲಿ 'ತಪ್ಪು' ಅನ್ನಿಸಿಕೊಳ್ಳಲು ಯಾವ ಗಂಡಸಿಗೆ ಇಷ್ಟವಾಗುತ್ತದೆ ಹೇಳಿ. ನಾನೋ ಮೊದಲೇ ಜಗಳಗಂಟಿ. ಒಂದು ವಾರದಲ್ಲಿ ಇಡೀ ಶೆಡ್ಡು ನನ್ನ ವೈರಿ.

ರುದ್ರಪ್ಪನವರೊಬ್ಬರನ್ನು ಬಿಟ್ಟು. ರಾಣೆಬೆನ್ನೂರಿನ ಕಡೆಯವರು, ಐವತ್ತೆಂಟು ದಾಟಿತ್ತು, ಹಣೆಗೆ ವಿಭೂತಿ. ಗ್ರೈಂಡಿಂಗ್ ಯಂತ್ರದ ಪಕ್ಕ ಅವರದೊಂದು ಬೆಂಚು. ಮೂವತ್ತು ವರ್ಷದಿಂದ ಅಲ್ಲಿ ಬೇರೆಯವರು ಟೀ ಲೋಟ ಕೂಡ ಇಟ್ಟಿರಲಿಲ್ಲ. ಮೊದಲ ದಿನ ನಾನು "ಸಾರ್" ಅಂದಾಗ, "ಸಾರ್ ಗೀರ್ ಬ್ಯಾಡವಾ, ಕಾಕಾ ಅನ್ನು" ಅಂದರು. ಮೈಕ್ರೋಮೀಟರ್ ಹಿಡಿಯುವುದನ್ನು ನನಗೆ ಕಾಲೇಜು ಕಲಿಸಲಿಲ್ಲ, ಅವರು ಕಲಿಸಿದರು. ಅದರ ತುದಿಯಲ್ಲಿ ಟಿಕ್ ಟಿಕ್ ಅನ್ನುವ ಪುಟ್ಟ ತಿರುಪು ಇರುತ್ತದೆ, ಒತ್ತಡ ಹೆಚ್ಚಾಗದಂತೆ ಅದೇ ನೋಡಿಕೊಳ್ಳುತ್ತದೆ. ಕಾಕಾ ಅದನ್ನು ಮುಟ್ಟುತ್ತಲೇ ಇರಲಿಲ್ಲ. ಬೆರಳ ತುದಿಯಲ್ಲೇ ತಿರುಗಿಸಿ, "ಹಿಂಡಬ್ಯಾಡ ತಂಗಿ, ಮುಟ್ಟಿತು ಅಂತ ಬೆರಳಿಗೆ ಗೊತ್ತಾಗತೈತಿ, ಅಲ್ಲೇ ನಿಲ್ಲು" ಅನ್ನುತ್ತಿದ್ದರು. ತಲೆಗೂದಲಿನ ದಪ್ಪವನ್ನು ಎಪ್ಪತ್ತು ಪಾಲು ಮಾಡಿದರೆ ಒಂದು ಪಾಲು ಒಂದು ಮೈಕ್ರಾನ್. ಅವರ ಕೈಯಲ್ಲಿ ಎರಡು ಮೈಕ್ರಾನ್ ಆಚೀಚೆ ಆದದ್ದು ಯಾರಿಗೂ ನೆನಪಿರಲಿಲ್ಲ.

ಯುಗಾದಿ ಕಳೆದ ಮೇಲೆ ಶುರುವಾಯಿತು. ಅವರು ಸರಿ ಎಂದು ಕಳಿಸಿದ ತುಂಡು ನನ್ನ ಟೇಬಲ್ಲಿಗೆ ಬಂದಾಗ ಬೇಕಾದ್ದಕ್ಕಿಂತ ಎಂಟು ಮೈಕ್ರಾನ್ ದಪ್ಪ. ಇನ್ನೊಂದು ಹತ್ತು. ಮೊದಲು ಎಲ್ಲರೂ ನನ್ನ ಮೇಲೆ ಬಿದ್ದರು: "ಹೊಸಬಳು, ಅಳೆಯೋಕೇ ಬರಲ್ಲ." ಬೇರೆಯವರು ಅಳೆದರೂ ಅಷ್ಟೇ ಬಂತು. ಹಾಗಾದರೆ ಕಾಕಾರ ಮೈಕ್ರೋಮೀಟರ್ ಕೆಟ್ಟಿದೆ ಎಂದು ಪರೀಕ್ಷೆಗೆ ಕಳಿಸಿದರು. ಸರಿಯಾಗಿಯೇ ಇದೆ ಎಂಬ ಸರ್ಟಿಫಿಕೇಟಿನೊಂದಿಗೆ ವಾಪಸ್ಸು ಬಂತು. ಮತ್ತೆ ಕಳಿಸಿದರು. ಮತ್ತೆ ಸರಿ. ಆಮೇಲೆ ಯಂತ್ರದ ಬೇರಿಂಗ್ ಬದಲಾಯಿಸಿದರು. ಅದೂ ಆದ ಮೇಲೆ ಒಂದು ದಿನ ಮಾಲೀಕರಾದ ಶ್ರೀಧರ್ ಸಾರ್ ಬಾಗಿಲಲ್ಲಿ ನಿಂತು ರಸ್ತೆ ಕಡೆ ಕೈ ತೋರಿಸಿ, "ಫ್ಲೈಓವರ್ ಕಣ್ರೀ! ಅಲ್ಲಿ ಕಂಬಕ್ಕೆ ಗುಂಡಿ ಕೊರೀತಾ ಇದಾರೆ, ಇಲ್ಲಿ ನಮ್ಮ ಮೆಷಿನ್ ಅಲ್ಲಾಡ್ತಾ ಇದೆ" ಅಂದರು. ಎಲ್ಲರಿಗೂ ಹೌದು ಹೌದು ಅನ್ನಿಸಿತು. ನನಗೂ ಅನ್ನಿಸಿತು, ಸುಳ್ಳು ಯಾಕೆ ಹೇಳಲಿ. ಅಕ್ಕಪಕ್ಕದ ಶೆಡ್ಡಿನವರೂ ತಮ್ಮ ತಮ್ಮ ತಪ್ಪುಗಳನ್ನೆಲ್ಲ ಆಗ ಫ್ಲೈಓವರಿನ ತಲೆಗೇ ಕಟ್ಟುತ್ತಿದ್ದರು. ನೆಲ ಅಗೆದು, ಯಂತ್ರದ ಕಾಲಿಗೆಲ್ಲ ದಪ್ಪ ರಬ್ಬರ್ ಕೊಟ್ಟು, ಮಟ್ಟಗೋಲಿಟ್ಟು ಎರಡು ದಿನ ಒದ್ದಾಡಿದೆವು. ಹೊಸ ತುಂಡು ಬಂತು. ಹತ್ತು ಮೈಕ್ರಾನ್ ದಪ್ಪ.

ಅಯ್ಯೋ, ಎಂಥ ಬುದ್ಧಿವಂತರು ನಾವು! ಕಬ್ಬಿಣವನ್ನೆಲ್ಲ ಪರೀಕ್ಷೆ ಮಾಡಿದೆವು, ಮನುಷ್ಯನನ್ನು ನೋಡಲಿಲ್ಲ.

ನೋಡಲು ಬೇಕಾದಷ್ಟಿತ್ತು. ಸುಮ್ಮನೆ ಕೂತಾಗ ಅವರ ಬಲಗೈ ಹೆಬ್ಬೆರಳು ತೋರುಬೆರಳಿನ ಮೇಲೆ ಜಪಮಣಿ ಎಣಿಸುವ ಹಾಗೆ ಆಡುತ್ತಿತ್ತು. ಕೆಲಸಕ್ಕೆ ಕೈ ಹಾಕಿದರೆ ನಿಂತುಬಿಡುತ್ತಿತ್ತು. ಅದಕ್ಕೇ ಯಾರೂ ಅದನ್ನು ಕಾಯಿಲೆ ಅಂದುಕೊಳ್ಳಲಿಲ್ಲ. ಶಿವಭಕ್ತರು, ಪಂಚಾಕ್ಷರಿ ಹೇಳಿಕೊಳ್ಳುತ್ತಾರೆ ಅಂತ ನಾನೂ ತಿಳಿದಿದ್ದೆ. ನಡೆಯುವಾಗ ಬಲಗೈ ಬೀಸುತ್ತಿರಲಿಲ್ಲ. ತಮಾಷೆ ಮಾಡಿದರೆ ಮುಖ ನಗುತ್ತಿರಲಿಲ್ಲ. ಒಂದು ಸೋಮವಾರ ಕೂಲಂಟ್ ಹಳಸಿ ನಾವೆಲ್ಲ ಮೂಗು ಮುಚ್ಚಿಕೊಂಡು ಓಡಾಡುತ್ತಿದ್ದರೆ, ಅವರು ಅದರ ಪಕ್ಕದಲ್ಲೇ ಕೂತು ಬುತ್ತಿ ಬಿಚ್ಚಿ ರೊಟ್ಟಿ ಉಂಡರು. "ವಾಸನಿನಾ? ನನಗ ಬರವಲ್ದು" ಅಂದರು. ಲೇಥ್ ಯಂತ್ರಗಳ ಹತ್ತಿರ ಗುಸುಗುಸು ಬೇರೆ ಶುರುವಾಗಿತ್ತು: "ಮಗಾ, ಕಾಕಾಗೆ ಎಣ್ಣೆ ಜಾಸ್ತಿ ಆಗಿದೆ." ಜನ್ಮದಲ್ಲಿ ಬೀಡಿ ಮುಟ್ಟದ ಮನುಷ್ಯನಿಗೆ! ಆ ಮಾತಾಡಿದವನ ಜೊತೆ ನಾನು ಆಡಿದ ಜಗಳ ಗಾರ್ಮೆಂಟ್ಸಿನವರೆಗೂ ಕೇಳಿಸಿತಂತೆ.

ಜೂನಿನಲ್ಲಿ ಶ್ರೀಧರ್ ಸಾರ್ ಕಾಕಾರನ್ನು ಕರೆದು, "ಆಯುಧಪೂಜೆವರೆಗೂ ನೋಡ್ತೀನಿ ರುದ್ರಪ್ಪನೋರೇ. ದಪ್ಪ ಇದ್ರೆ ಮತ್ತೆ ಉಜ್ಬೋದು. ಕಮ್ಮಿ ಆಗಿ ಒಂದು ಪೀಸ್ ರಿಜೆಕ್ಟ್ ಆದ್ರೂ ನಾನು ನಿಮ್ಮನ್ನ ಇಟ್ಕೊಳ್ಳೋಕಾಗಲ್ಲ" ಅಂದರು. ಕೆಟ್ಟವರಲ್ಲ ಅವರು, ಹೇಳುವಾಗ ಅವರ ದನಿಯೂ ಸರಿಯಿರಲಿಲ್ಲ. ಕಾಕಾ ಬೆಂಚಿಗೆ ಬಂದು ಕೂತರು. ಹೆಬ್ಬೆರಳು ಆಡುತ್ತಲೇ ಇತ್ತು.

"ಈ ಬೆಂಚ್ ಬಿಟ್ರ ನಾ ಯಾರವಾ ತಂಗಿ?" ಅಂದರು.

ಅದೇ ವಾರ ಗಿರಾಕಿಗಳ ಆಡಿಟ್ ಅಂತ ಹಳೆಯ ಜಾಬ್ ಕಾರ್ಡುಗಳನ್ನೆಲ್ಲ ಜೋಡಿಸಲು ನನ್ನನ್ನು ಕೂರಿಸಿದರು. ಪ್ರತಿ ಕೆಲಸಕ್ಕೂ ಮಾಡಿದವರೇ ಕೈಯಾರೆ ಬರೆದಿಡುವ ಚೀಟಿಗಳು ಅವು. ಕಾಕಾರ ಅಕ್ಷರ ದುಂಡಗೆ, ಒಂದೊಂದೂ ಕಡಲೆಕಾಳಿನಷ್ಟು. ಅದು ಮೂರು ವರ್ಷದ ಹಿಂದಿನದು. ಹೋದ ವರ್ಷದ್ದು ಹೆಸರುಕಾಳಿನಷ್ಟು. ಈ ವರ್ಷದ್ದು ಸಾಸಿವೆ. ಸಾಲಿನ ಶುರುವಿನಲ್ಲಿ ಒಂದಿಷ್ಟು ದೊಡ್ಡದಾಗಿ ಹೊರಟು ಕೊನೆಗೆ ಹೋಗುವಷ್ಟರಲ್ಲಿ ಓದಲಾಗದಷ್ಟು ಚಿಕ್ಕದಾಗುತ್ತಿತ್ತು. "ಏನ್ ಕಾಕಾ, ಕಾಗದ ಉಳಿಸ್ತಾ ಇದೀರಾ?" ಅಂತ ಚುಡಾಯಿಸಿದೆ. "ದೊಡ್ಡದಾಗೇ ಬರೀತೀನವಾ, ಅದು ಸಣ್ಣದಾಗಿ ಬೀಳ್ತತಿ" ಅಂದರು. ಇದು ಕಾಯಿಲೆಯೇ ಅಂತ ಆಗ ನನಗೆ ಹೊಳೆಯಿತು; ಅವರ ಚೀಟಿಗಳನ್ನಷ್ಟೇ ಬೇರೆ ತೆಗೆದಿಟ್ಟೆ.

ಅವರ ಹೆಂಡತಿ ಗಂಗಕ್ಕ ಅಷ್ಟರಲ್ಲಾಗಲೇ ಮನೆ ಹತ್ತಿರದ ಕ್ಲಿನಿಕ್ಕಿಗೆ ಕರೆದುಕೊಂಡು ಹೋಗಿ ನರದೌರ್ಬಲ್ಯ ಅಂತ ಹತ್ತು ಇಂಜೆಕ್ಷನ್ ಚುಚ್ಚಿಸಿದ್ದರು. ಈಗ ನಾವು ಮೂವರೂ ನರರೋಗದ ದೊಡ್ಡ ಆಸ್ಪತ್ರೆಗೆ ಹೋದೆವು. ಬೆಳಿಗ್ಗೆ ಆರಕ್ಕೆ ಬಸ್ಸು ಹತ್ತಿ, ಮಧ್ಯಾಹ್ನ ಹನ್ನೆರಡಕ್ಕೆ ಡಾಕ್ಟರ ಮುಂದೆ ಕೂತೆವು. ನಮ್ಮ ಕಣ್ಣಿಗೆ ಚಿಕ್ಕ ವಯಸ್ಸಿನವರಾಗಿ ಕಂಡ ಆ ಹೆಣ್ಣುಮಗಳು ಯಾವ ಯಂತ್ರವನ್ನೂ ತರಿಸಲಿಲ್ಲ. ಹೆಬ್ಬೆರಳು ತೋರುಬೆರಳು ತಟ್ಟಿಸಿದರು. ಬಲಗೈದು ತಟ್ಟುತ್ತಾ ತಟ್ಟುತ್ತಾ ಚಿಕ್ಕದಾಗಿ ನಿಂತೇಹೋಯಿತು. ಮೊಣಕೈ ಹಿಡಿದು ಮಡಚಿ ನೋಡಿದರು. ಓಡಾಡಿಸಿದರು. ಹಿಂದೆ ನಿಂತು ಭುಜ ಹಿಡಿದು ಎಳೆದರು. ವಾಸನೆ ಬರುತ್ತದೆಯೇ, ನಿದ್ದೆಯಲ್ಲಿ ಕೂಗಾಡುತ್ತಾರೆಯೇ ಎಂದು ಕೇಳಿದಾಗ ಗಂಗಕ್ಕ, "ಅಯ್ಯ, ನಿಮಗ ಹೆಂಗ ಗೊತ್ತಾತ್ರೀ!" ಅಂತ ಬಾಯಿ ಬಿಟ್ಟರು. ನಾನು ಜಾಬ್ ಕಾರ್ಡುಗಳನ್ನು ಮೇಜಿನ ಮೇಲೆ ವರ್ಷವಾರು ಹರಡಿದೆ. ಡಾಕ್ಟರು ಬಹಳ ಹೊತ್ತು ನೋಡಿದರು.

"ಇದು ಪಾರ್ಕಿನ್ಸನ್. ಎರಡು ಮೂರು ವರ್ಷದಿಂದಲೇ ಇದೆ. ಬಲಗೈ ಬಿಗಿ ಆಗಿರೋದ್ರಿಂದ ಎಷ್ಟು ಒತ್ತುತ್ತಾ ಇದೀರಿ ಅಂತ ನಿಮಗೇ ಗೊತ್ತಾಗ್ತಾ ಇಲ್ಲ."

ಮೈಕ್ರೋಮೀಟರ್ ಹಿಂಡಬೇಡ ಎಂದು ನನಗೆ ಕಲಿಸಿದ ಕೈ ತನಗೇ ತಿಳಿಯದೆ ಅದನ್ನು ಹಿಂಡುತ್ತಿತ್ತು. ಹಿಂಡಿದಾಗ ಅಳತೆ ಚಿಕ್ಕದಾಗಿ ಕಾಣುತ್ತಿತ್ತು, ಸಾಕು ಅಂತ ಅವರು ಉಜ್ಜುವುದನ್ನು ನಿಲ್ಲಿಸುತ್ತಿದ್ದರು, ತುಂಡು ದಪ್ಪ ಉಳಿಯುತ್ತಿತ್ತು. ಅಷ್ಟೇ. ಫ್ಲೈಓವರಿನ ಕಂಬ ಪಾಪ ತನ್ನ ಪಾಡಿಗೆ ತಾನಿತ್ತು.

ಕಾಕಾ, "ಇದಕ್ಕ ಟಾಲರೆನ್ಸ್ ಎಷ್ಟ್ರೀ ಮೇಡಂ?" ಅಂದರು. ನಮ್ಮ ಕೆಲಸದಲ್ಲಿ ಅಳತೆ ಎಷ್ಟರವರೆಗೆ ತಪ್ಪಿದರೆ ನಡೆಯುತ್ತದೆ ಅನ್ನುವುದಕ್ಕೆ ಹಾಗನ್ನುತ್ತೇವೆ. ಡಾಕ್ಟರಿಗೆ ನಾನು ಬಿಡಿಸಿ ಹೇಳಿದೆ. ಅವರು ನಕ್ಕರು, ಆಮೇಲೆ ನಗು ಬಿಟ್ಟು ಹೇಳಿದರು. ಇದು ವಾಸಿಯಾಗುವುದಿಲ್ಲ. ಹಿಡಿತದಲ್ಲಿಡಬಹುದು. ಮಾತ್ರೆ ಹೊತ್ತಿಗೆ ಸರಿಯಾಗಿ ತಗೊಳ್ಳಬೇಕು, ತಾವಾಗಿಯೇ ನಿಲ್ಲಿಸಬಾರದು, ದಿನಾ ನಡೆಯಬೇಕು, ಜೋರಾಗಿ ಓದಬೇಕು, ಕೆಲಸ ಬಿಟ್ಟು ಮೂಲೆ ಸೇರಬಾರದು. ಆ ಕೊನೆಯ ಮಾತಿಗೆ ಕಾಕಾ ನನ್ನ ಕಡೆ ನೋಡಿದರು. ಮುಖ ನಗಲಿಲ್ಲ, ಕಣ್ಣು ನಕ್ಕಿತು. ಆಗ ನನಗೆ ಅಳು ಬಂತು.

ಮೊದಲ ಹದಿನೈದು ದಿನ ಮಾತ್ರೆಯಿಂದ ಏನೂ ಆಗಲಿಲ್ಲ. ಶ್ರೀಧರ್ ಸಾರ್ ಕ್ಯಾಲೆಂಡರ್ ನೋಡುತ್ತಿದ್ದರು. ನನಗೆ ಸಿಟ್ಟು ಬಂದು, ಯಂತ್ರಕ್ಕೆ ಮಾಡುವುದನ್ನೇ ಮನುಷ್ಯನಿಗೂ ಮಾಡಿದೆ. ಒಂದು ಹಲಗೆಗೆ ಹತ್ತು ಬೋಲ್ಟ್ ನಿಲ್ಲಿಸಿ, ಅರ್ಧ ಗಂಟೆಗೊಮ್ಮೆ ಕಾಕಾ ಅದಕ್ಕೆ ನಟ್ಟು ಹಾಕಬೇಕು, ಎಷ್ಟು ಹೊತ್ತು ಹಿಡಿಯಿತು ಅಂತ ನಾನು ಗಡಿಯಾರ ನೋಡಿ ಗ್ರಾಫ್ ಎಳೆಯಬೇಕು. ಶೆಡ್ಡಿನವರು ನಕ್ಕರು. ಮೂರನೇ ದಿನಕ್ಕೆ ಅವರೂ ಪಕ್ಕದಲ್ಲಿ ನಿಂತು, "ಕಾಕಾ, ಬೆಳಿಗ್ಗೆಗಿಂತ ಸಕ್ಕತ್ ಫಾಸ್ಟು" ಅನ್ನತೊಡಗಿದರು. ಎಣ್ಣೆ ಜಾಸ್ತಿ ಅಂದಿದ್ದವನೇ ಗಡಿಯಾರ ಹಿಡಿದ.

ಗ್ರಾಫ್ ನೋಡಿ ಡಾಕ್ಟರು ಕೇಳಿದ್ದು ಒಂದೇ ಪ್ರಶ್ನೆ: "ಮಾತ್ರೆ ಯಾವಾಗ ನುಂಗ್ತೀರಿ?" ಗಂಗಕ್ಕ ಹೆಮ್ಮೆಯಿಂದ, "ಬರೇ ಹೊಟ್ಟ್ಯಾಗ ಕೊಡಂಗಿಲ್ರೀ. ರೊಟ್ಟಿ, ಹೆಸರುಕಾಳು ಪಲ್ಯ, ಒಂದು ಗ್ಲಾಸ್ ಹಾಲು, ಅದರ ಜೋಡಿ ಮಾತ್ರಿ" ಅಂದರು. ಹಾಲು, ಕಾಳು ಒಟ್ಟಿಗೆ ಹೋದರೆ ಈ ಮಾತ್ರೆ ಮೈಗೆ ಹಿಡಿಯುವುದಿಲ್ಲವಂತೆ. ಊಟಕ್ಕೆ ಮುಕ್ಕಾಲು ಗಂಟೆ ಮೊದಲು ಬರೀ ನೀರಿನಲ್ಲಿ ಕೊಡಿ, ವಾಂತಿ ಬರುವ ಹಾಗಾದರೆ ಒಂದು ಬಿಸ್ಕತ್ತು ಕೊಡಿ ಅಂದರು. ಪ್ರೀತಿಯಿಂದ ಕೊಟ್ಟ ಹಾಲೇ ಅಡ್ಡ ಬಂದಿತ್ತು ಅಂತ ಗಂಗಕ್ಕ ದಾರಿಯುದ್ದಕ್ಕೂ ತಲೆ ಚಚ್ಚಿಕೊಂಡರು. "ಸುಮ್ನಿರ, ನಾವು ನೆಲಾನೇ ಅಗದೀವಿ" ಅಂದರು ಕಾಕಾ.

ಆಮೇಲಿನ ಮೂರು ತಿಂಗಳು! ಜುಲೈ, ಆಗಸ್ಟ್, ಸೆಪ್ಟೆಂಬರ್. ಪೀಣ್ಯದ ಮಳೆ ಅಂದರೆ ಚೆಂದವೇನಿಲ್ಲ. ಶೀಟಿನ ಮೇಲೆ ಬಡಿಯುತ್ತದೆ, ಚರಂಡಿ ಉಕ್ಕುತ್ತದೆ, ಬಣ್ಣದ ಫ್ಯಾಕ್ಟರಿಯ ನೀರು ಸೇರಿ ಗುಂಡಿಗಳೆಲ್ಲ ನೀಲಿಯಾಗುತ್ತವೆ. ಆದರೂ ನನ್ನ ಬದುಕಿನಲ್ಲಿ ಅಂಥ ಮಳೆಗಾಲ ಮತ್ತೆ ಬರಲಿಲ್ಲ. ಡಾಕ್ಟರು ಚಿಕ್ಕ ಡೋಸಿನಿಂದ ಹೆಚ್ಚಿಸುತ್ತಾ ಹೋದರು. ಬೆಳಿಗ್ಗೆ ಎಂಟರಿಂದ ಹತ್ತೂವರೆ, ಮಧ್ಯಾಹ್ನ ಒಂದರಿಂದ ಮೂರೂವರೆ ಕಾಕಾರ ಕೈ ಹಳೆಯ ಕೈಯಾಗುತ್ತಿತ್ತು. ಸೂಕ್ಷ್ಮದ ಕೆಲಸವೆಲ್ಲ ಆಗಲೇ. ಮಿಕ್ಕ ಹೊತ್ತಿನಲ್ಲಿ ನನ್ನನ್ನು ಯಂತ್ರದ ಮುಂದೆ ನಿಲ್ಲಿಸಿ, ತಾವು ಸ್ಟೂಲಿನ ಮೇಲೆ ಕೂತು ಗ್ರೈಂಡಿಂಗ್ ಕಲಿಸುತ್ತಿದ್ದರು. ಬಾಗಿಲು ದಾಟುವಾಗ ಕಾಲು ನೆಲಕ್ಕಂಟಿದ ಹಾಗೆ ನಿಂತುಬಿಡುತ್ತಿತ್ತು. ನೆಲದ ಮೇಲೆ ಅಡ್ಡಗೆರೆ ಇದ್ದರೆ ದಾಟುವುದು ಸಲೀಸು ಎಂದು ಡಾಕ್ಟರು ಹೇಳಿದ್ದರಿಂದ, ಶ್ರೀಧರ್ ಸಾರ್ ತಾವೇ ಹಳದಿ ಬಣ್ಣ ತಂದು ಹೊಸ್ತಿಲ ಮುಂದೆ ಐದು ಪಟ್ಟೆ ಹೊಡೆಸಿದರು. ಕಾಕಾ ಒಂದೊಂದೇ ಪಟ್ಟೆ ದಾಟಿ ಸಲೀಸಾಗಿ ಒಳಗೆ ಬರುತ್ತಿದ್ದರು. ತುಂಡುಗಳು ಎರಡೇ ಮೈಕ್ರಾನಿನೊಳಗೆ ಬರತೊಡಗಿದವು. ಗೆದ್ದೆವು ಅಂದುಕೊಂಡೆ.

ಆಯುಧಪೂಜೆಗೆ ಒಂಬತ್ತು ದಿನ ಇತ್ತು. ಅಚ್ಚಿನ ಪಂಚ್ ಒಂದು, ಅಂದರೆ ಮೇಲಿನಿಂದ ಬಂದು ತಗಡನ್ನು ಚುಚ್ಚುವ ಭಾಗ, ಕಾಕಾ ಆರು ದಿನದಿಂದ ಉಜ್ಜುತ್ತಿದ್ದರು. ಇನ್ನುಳಿದದ್ದು ಕೊನೆಯ ಕೈ. ಒಂದು ಗಂಟೆಗೆ ಸರಿಯಾಗಿ ಕರೆಂಟು ಹೋಯಿತು. ಆ ವರ್ಷ ಕರೆಂಟಿಗೆ ಹೊತ್ತುಗೊತ್ತು ಇರಲಿಲ್ಲ. ಕತ್ತಲಾದ ಶೆಡ್ಡಿನಲ್ಲಿ ಕಾಕಾ ತಮ್ಮ ಒಳ್ಳೆಯ ಎರಡೂವರೆ ಗಂಟೆಯನ್ನು ಸ್ಟೂಲಿನ ಮೇಲೆ ಕೂತು ಕಳೆದರು. ಮೂರೂ ಮುಕ್ಕಾಲಿಗೆ ಕರೆಂಟು ಬಂತು. "ನಾಳೆ ಮಾಡಿ ಕಾಕಾ" ಅಂದೆ. "ಗಾಡಿ ನಾಳೆ ಬರ್ತತಿ ತಂಗಿ. ಒಂದ್ ಕೈ ಅಷ್ಟೇ" ಅಂದು ಯಂತ್ರ ಹಚ್ಚಿದರು. ಅಡ್ಡ ನಿಲ್ಲಬೇಕಿತ್ತು ನಾನು. ನಿಲ್ಲಲಿಲ್ಲ.

ಸಂಜೆ ಅವರು ಹೋದ ಮೇಲೆ ಪಂಚ್ ಅಳೆದೆ. ಹನ್ನೆರಡು ಮೈಕ್ರಾನ್ ಕಮ್ಮಿ. ಮೂರು ಸಲ ಒರೆಸಿ ಅಳೆದೆ. ಈ ಸಲ ತಪ್ಪಿದ್ದು ಅಳೆಯುವುದರಲ್ಲಲ್ಲ, ಬಿಗಿದ ಕೈ ಗ್ರೈಂಡಿಂಗ್ ಚಕ್ರವನ್ನೇ ಒಂದು ಗೆರೆ ಹೆಚ್ಚು ಇಳಿಸಿಬಿಟ್ಟಿತ್ತು. ದಪ್ಪವಿದ್ದರೆ ಉಜ್ಜಬಹುದು, ಹೋದ ಉಕ್ಕನ್ನು ಯಾರು ತಂದು ಅಂಟಿಸುತ್ತಾರೆ? ರಿಜೆಕ್ಟ್ ಅಂತ ಬರೆದರೆ ಕಾಕಾ ಮನೆಗೆ. ನಾನು ಓಕೆ ಅಂತ ಬರೆದು, ಸಹಿ ಹಾಕಿ, ರಿಜಿಸ್ಟರ್ ಮುಚ್ಚಿ ಪಿ.ಜಿ.ಗೆ ಹೋದೆ. ಕೈ ನಡುಗಲಿಲ್ಲ ನನಗೆ, ಕಳ್ಳಿ.

ಬೆಳಿಗ್ಗೆ ಎಂಟೂವರೆಗೆ ನಾನು ಹೋಗುವಷ್ಟರಲ್ಲಿ ಕಾಕಾ ನನ್ನ ಟೇಬಲ್ಲಿನ ಮುಂದೆ ನಿಂತಿದ್ದರು. ಕೈಯಲ್ಲಿ ಪಂಚ್, ಪಕ್ಕದಲ್ಲಿ ತೆರೆದ ರಿಜಿಸ್ಟರ್. ಅವರ ಒಳ್ಳೆಯ ಹೊತ್ತು ಅದು. ಬೆರಳು ಕಲ್ಲಿನ ಹಾಗೆ ನಿಂತಿತ್ತು.

"ಅಳಿ."

ಅಳೆದೆ.

"ಎಷ್ಟೈತಿ?"

"ಹನ್ನೆರಡು ಕಮ್ಮಿ ಇದೆ ಕಾಕಾ."

"ಇಲ್ಲೇನ್ ಬರದೀ?"

ಲೇಥುಗಳು ಒಂದೊಂದಾಗಿ ನಿಂತವು. ಬಾಯಿ ಬಡಕಿ ನಾನು, ಆವತ್ತು ಮೈಕ್ರೋಮೀಟರನ್ನು ಅದರ ಡಬ್ಬಿಯಲ್ಲಿಟ್ಟು ಮುಚ್ಚಳ ಹಾಕಿದೆ.

"ನನ್ನ ಸಲುವಾಗಿ ಬರದೀ. ಗೊತ್ತೈತಿ ನನಗ." ದನಿ ಸಣ್ಣಗಿತ್ತು, ಕಾಯಿಲೆ ಬಂದ ಮೇಲೆ ಹಾಗೇ ಆಗಿತ್ತು. "ನನ್ನ ಕೈ ನಡಗ್ತತಿ ಅಂತ ಅಳತಿನೂ ನಡಗಸ್ತೀಯೇನು? ಹೊಡಿ ಗೆರಿ."

ಓಕೆ ಮೇಲೆ ಗೆರೆ ಎಳೆದೆ. ರಿಜೆಕ್ಟ್ ಎಂದು ಬರೆದೆ. ಅವರು ಪೆನ್ನು ತಗೊಂಡು ಅದರ ಪಕ್ಕದಲ್ಲಿ ತಮ್ಮ ಹೆಸರು ಬರೆದರು. ಶ್ರೀಧರ್ ಸಾರ್ ಬಂದು, "ಹೋಗ್ಲಿ ಬಿಡಿ ರುದ್ರಪ್ಪನೋರೇ, ಕರೆಂಟಿಂದ ಆಗಿದ್ದು, ಆಯುಧಪೂಜೆ ಆಗ್ಲಿ" ಅಂದರು. ಕಾಕಾ ತಲೆ ಅಲ್ಲಾಡಿಸಿದರು. "ಇಲ್ರೀ. ಇಷ್ಟ ದಿನ ಕೈ ಕೆಟ್ಟಿತ್ತು ಅಷ್ಟೇ. ನಾ ಇಲ್ಲಿ ಇದ್ರ ಈ ಹುಡುಗಿ ಕೆಡ್ತಾಳ."

ಏಪ್ರನ್ ಬಿಚ್ಚಿ ಮಡಚಿದರು. ಆಮೇಲೆ ನನ್ನನ್ನು ತಮ್ಮ ಬೆಂಚಿನ ಹತ್ತಿರ ಕರೆದು ಕೂರಿಸಿದರು. ನಾನು ಬಿಕ್ಕಿ ಬಿಕ್ಕಿ ಅಳುತ್ತಿದ್ದೆ, ಹದಿನಾಲ್ಕು ಗಂಡಸರ ಎದುರಿಗೆ.

"ಇವತ್ತಿಂದ ಇದು ನಿಂದು. ಇನ್ನೊಂದ್ ಸಲ ಸುಳ್ಳು ಅಳತಿ ಬರದಿ ಅಂದ್ರ, ಎಲ್ಲೇ ಇರಲಿ, ಬಂದು ಕಿವಿ ಹಿಂಡ್ತೀನಿ ನೋಡು."

ಊರಿಗೆ ಹೋದ ಮೇಲೂ ಅವರು ಎಂಟು ವರ್ಷ ಇದ್ದರು. ಮಾತ್ರೆಗೆ ಗಂಗಕ್ಕ ಗಡಿಯಾರ ಇಟ್ಟರು, ಹಾಲು ರಾತ್ರಿಗೆ ಹೋಯಿತು, ದಿನಾ ಎರಡು ಮೈಲಿ ನಡೆಯುತ್ತಿದ್ದರಂತೆ. ಫೋನಿನಲ್ಲಿ ಅವರ ದನಿ ವರ್ಷ ವರ್ಷಕ್ಕೂ ಸಣ್ಣದಾಯಿತು, ಕೊನೆಕೊನೆಗೆ ಗಂಗಕ್ಕನೇ ಕೇಳಿಸಿಕೊಂಡು ನನಗೆ ಹೇಳುತ್ತಿದ್ದರು. ಆಮೇಲೆ ಒಂದು ದಿನ ಗಂಗಕ್ಕನ ದನಿ ಮಾತ್ರ ಬಂತು.

ಅಂದಿನಿಂದ ಎಷ್ಟು ಸಾವಿರ ತುಂಡು ಅಳೆದೆನೋ ಲೆಕ್ಕವಿಲ್ಲ. ಒಂದೊಂದು ದಿನ, ಅದರಲ್ಲೂ ಮಳೆ ಶೀಟಿನ ಮೇಲೆ ಬೀಳುವಾಗ, ಒಂದೇ ಒಂದು ಸುಳ್ಳು ಬರೆದುಬಿಡೋಣ, ಕಿವಿ ಹಿಂಡಲು ಬಂದರೂ ಬಂದಾರು ಅನ್ನಿಸುತ್ತದೆ. ಪೆನ್ನು ಹಿಡಿದು ಕೂತಿದ್ದೂ ಉಂಟು. ಬರೆಯಲಿಲ್ಲ.